ಹೆಬ್ಬೆರಳಿನ ಬೇರು ಕತ್ತಿನಲ್ಲಿ

ನನ್ನ ಬಲ ಅಂಗೈಯ ಬುಡದಲ್ಲಿ, ಮಣಿಕಟ್ಟಿಗೆ ಇಳಿಯುವ ಕಡೆ, ಇಂಚಿನಷ್ಟು ಉದ್ದದ ಒಂದು ಬಿಳಿಯ ಗೆರೆ ಇದೆ. ಹೊಲಿಗೆ ಚೆನ್ನಾಗಿಯೇ ಹಾಕಿದ್ದಾರೆ, ನೀಟ್ ವರ್ಕ್. ಕಾನ್ವೆಂಟಿನಲ್ಲಿ ನಮಗೆ ಹೊಲಿಗೆ ಕಲಿಸುತ್ತಿದ್ದ ಸಿಸ್ಟರ್ ಆಗ್ನೆಸ್ ನೋಡಿದ್ದರೆ ‘ವೆರಿ ಗುಡ್’ ಅನ್ನುತ್ತಿದ್ದರು. ತೊಂದರೆ ಇಷ್ಟೇ, ಆ ಗೆರೆ ಅಲ್ಲಿ ಇರಬೇಕಾಗಿರಲಿಲ್ಲ. ಕಾಯಿಲೆ ಇದ್ದದ್ದು ಅಲ್ಲಿಂದ ಒಂದು ತೋಳು ದೂರದಲ್ಲಿ, ನನ್ನ ಕತ್ತಿನ ಹಿಂದೆ. ಹತ್ತು ತಿಂಗಳು ಯಾರೂ ಅಲ್ಲಿ ನೋಡಲಿಲ್ಲ. ನಾನೂ ನೋಡಲಿಲ್ಲ.

ಆ ಸಿಟ್ಟು ಇನ್ನೂ ಪೂರ್ತಿ ಆರಿಲ್ಲ, ಆದ್ದರಿಂದ ಬರೆಯುತ್ತಿದ್ದೇನೆ. ಇನ್ನೊಂದು ಕಾರಣವೂ ಇದೆ. ಈಗ ಯಾವುದೋ ವೇಟಿಂಗ್ ರೂಮಿನಲ್ಲಿ ಕುಳಿತು, ಜೋಮು ಬಿಡದ ಬೆರಳನ್ನು ಇನ್ನೊಂದು ಕೈಯಿಂದ ತಿಕ್ಕುತ್ತಾ, ನನಗೊಬ್ಬಳಿಗೇ ಹೀಗೇಕೆ ಎಂದುಕೊಳ್ಳುತ್ತಿರುವವರು ಯಾರಾದರೂ ಇದ್ದೇ ಇರುತ್ತಾರೆ. ಪಕ್ಕದ ಕುರ್ಚಿಯಲ್ಲಿ ನಾನೂ ಇದ್ದೆ ಎಂದು ಅವರಿಗೆ ಹೇಳಬೇಕು.

ನಮ್ಮದು ತಮಿಳುನಾಡಿನ ಸಿರುಮುಗೈಯಲ್ಲಿ ರೇಷ್ಮೆ ಸೀರೆ ನೇಯುವ ಮನೆ. ನಾನು ಹುಟ್ಟಿದ್ದು ಪೆರಿಯನಾಯಕನಪಾಳ್ಯದಲ್ಲಿ. ಅಪ್ಪ ಅಲ್ಲಿನ ಒಂದು ಮಿಲ್ಲಿನಲ್ಲಿ ಕ್ಲರ್ಕ್. ಮಗಳು ಇಂಗ್ಲಿಷ್ ಕಲಿಯಲಿ ಎಂದು ಕೊಯಮತ್ತೂರಿನ ಕಾನ್ವೆಂಟಿಗೆ ಬಸ್ಸಿನಲ್ಲಿ ಕಳಿಸಿದರು. ಮನೆಯ ಭಾಷೆಗೂ ಒಂದು ಅಕ್ಷರ ಇದೆ ಎಂದು ನನಗೆ ಗೊತ್ತಿರಲಿ ಎಂದು ಭಾನುವಾರಗಳಲ್ಲಿ ಸ್ಲೇಟಿನ ಮೇಲೆ ಕನ್ನಡ ಬರೆಸಿದರು. ಇಪ್ಪತ್ತೊಂದಕ್ಕೆ ಮದುವೆಯಾಗಿ ಭವಾನಿ ಹೊಳೆಯ ದಂಡೆಗೆ ಬಂದೆ. ಮಗ್ಗದ ಮನೆಯಲ್ಲಿ ಇಂಗ್ಲಿಷನ್ನು ಏನು ಮಾಡುವುದು? ಅತ್ತೆಗೆ ನಾನು ಒಂದು ಅಲಂಕಾರದ ವಸ್ತು. ಬೀಗರು ಬಂದರೆ ‘ನಮ್ಮ ಇಂಗ್ಲೀಸ್ ಸೊಸೆ’ ಎಂದು ತೋರಿಸುತ್ತಿದ್ದರು, ಅವರು ಹೋದ ಮೇಲೆ ಪಾತ್ರೆ ಸರಿಯಾಗಿ ಬೆಳಗಿಲ್ಲ ಎಂದು ಬೈಯುತ್ತಿದ್ದರು.

ಆ ಮನೆಯಲ್ಲಿ ನನಗೆ ಜಾಗ ಕೊಟ್ಟದ್ದು ನನ್ನ ಬಲಗೈಯ ಎರಡು ಬೆರಳು. ಮಗ್ಗದ ಮೇಲಿನ ಹಾಸು, ಅಂದರೆ ಉದ್ದಕ್ಕೆ ಹರಡಿದ ಎಳೆಗಳು, ಮುಗಿಯುತ್ತಾ ಬಂದಾಗ ಹೊಸ ಹಾಸಿನ ಒಂದೊಂದು ಎಳೆಯನ್ನೂ ಹಳೆಯದರ ಒಂದೊಂದು ತುದಿಗೆ ಸೇರಿಸಬೇಕು. ನಾವು ಇದಕ್ಕೆ ಕೆಚ್ಚುವುದು ಎನ್ನುತ್ತೇವೆ. ಬೆರಳಿಗೆ ಚೂರು ಬೂದಿ ಹಚ್ಚಿಕೊಂಡು, ಎರಡು ತುದಿಗಳನ್ನು ಹೆಬ್ಬೆರಳು ತೋರುಬೆರಳಿನ ನಡುವೆ ಇಟ್ಟು ಒಂದೇ ಹೊಸೆತ. ಗಂಟು ಹಾಕುವ ಹಾಗಿಲ್ಲ, ಗಂಟಿದ್ದರೆ ಎಳೆಗಳು ಹಾದುಹೋಗುವ ಬಾಚಣಿಗೆಯಂಥ ಹಣಿಗೆಯ ಸಂದಿನಲ್ಲಿ ಸಿಕ್ಕಿಕೊಳ್ಳುತ್ತದೆ. ಹೊಸೆತ ಸಡಿಲವಾದರೆ ಹಾಸನ್ನು ಮುಂದಕ್ಕೆ ಎಳೆಯುವಾಗ ಬಿಟ್ಟುಹೋಗುತ್ತದೆ. ಸಾವಿರಾರು ಎಳೆ, ಒಂದೊಂದೂ ಕೂದಲಿಗಿಂತ ಸಣ್ಣದು. ಬಿಗಿ ಸಾಕೋ ಸಾಲದೋ ಎಂಬುದು ಕಣ್ಣಿಗೆ ತಿಳಿಯುವುದಿಲ್ಲ, ಬೆರಳಿಗೆ ತಿಳಿಯುತ್ತದೆ. ನನ್ನ ಬೆರಳಿಗೆ ತಿಳಿಯುತ್ತದೆ ಎಂದು ಅತ್ತೆಗೆ ಗೊತ್ತಾದ ದಿನದಿಂದ ಪಾತ್ರೆಯ ವಿಷಯಕ್ಕೆ ಅವರು ಬರಲಿಲ್ಲ.

ಐವತ್ತು ವರ್ಷ ನಾನೂ ನಂಜಮ್ಮಕ್ಕನೂ ಕೂಡಿ ಕೆಚ್ಚಿದ್ದೇವೆ. ನಂಜಮ್ಮಕ್ಕ ನನ್ನ ಯಜಮಾನರ ಅಕ್ಕ. ಚಿಕ್ಕ ವಯಸ್ಸಿಗೇ ಗಂಡನನ್ನು ಕಳೆದುಕೊಂಡು ತವರಿಗೆ ಬಂದವರು, ಈಗ ಎಪ್ಪತ್ತೆಂಟು. ಅವರು ಎಡ ಅಂಚಿನಿಂದ ಶುರುಮಾಡುತ್ತಾರೆ, ನಾನು ಬಲ ಅಂಚಿನಿಂದ. ನಡುವಿನಲ್ಲಿ ಮೊಣಕಾಲು ತಾಗುವಾಗ ಕೆಲಸ ಮುಗಿದಿರುತ್ತದೆ.

ಎರಡು ವರ್ಷದ ಹಿಂದೆ, ಪುರಟ್ಟಾಸಿ ತಿಂಗಳು, ದಸರೆಯ ಹೊತ್ತು. ದೀಪಾವಳಿ ಸೀರೆಗೆ ಹೊಸ ಹಾಸು ಬಂದಿತ್ತು. ಕುಳಿತೆ. ಬೂದಿ ಹಚ್ಚಿಕೊಂಡೆ. ಎಳೆ ಹಿಡಿದರೆ ಬೆರಳಿನ ನಡುವೆ ಏನೂ ಇಲ್ಲ. ಕಣ್ಣಿಗೆ ಎಳೆ ಕಾಣುತ್ತಿದೆ, ಬೆರಳಿಗೆ ಅದು ಬಂದೇ ಇಲ್ಲ. ಎರಡೂ ಬೆರಳಿಗೆ ಯಾರೋ ಗ್ಲೌಸ್ ತೊಡಿಸಿದ ಹಾಗೆ.

“ಏನು ಲೀಲಾ, ಕೂತ್ಕೊಂಡೇ ಕನಸಾ?” ನಂಜಮ್ಮಕ್ಕ ಎಡದಿಂದ ಕತ್ತು ಚಾಚಿದರು. “ನನ್ ಕಡೆ ಒಂದು ಗೇಣು ಆಯ್ತು. ನಿನ್ ಕಡೆ ಕೋಳಿ ಕೆದರಿದಂಗೈತೆ.”

“ಬೆರಳು ಮರಗಟ್ಟೋಗೈತೆ ಅಕ್ಕ.”

“ಕಾಫಿ ಕುಡಿ. ಸರಿಯಾಯ್ತದೆ.”

ಸರಿಯಾಗಲಿಲ್ಲ. ಕಾಫಿಯಿಂದ ಶುರುವಾದದ್ದು ಎಳ್ಳೆಣ್ಣೆಗೆ ಬಂತು, ಅಲ್ಲಿಂದ ಬಿಸಿ ಉಪ್ಪಿನ ಗಂಟಿಗೆ, ಅಲ್ಲಿಂದ ಪೊಳ್ಳಾಚಿಯ ಯಾರೋ ವೈದ್ಯರ ತೈಲಕ್ಕೆ. ಮನೆಯ ಎಲ್ಲರೂ ನನ್ನ ಎರಡು ಬೆರಳನ್ನು ಎಳೆದರು, ನೀವಿದರು, ಮುರಿದರು. ತೈಲದ ವಾಸನೆಗೆ ನಾನು ಅನ್ನ ಕಲಸಿಕೊಳ್ಳುವುದನ್ನೇ ಬಿಟ್ಟು ಚಮಚ ಹಿಡಿದೆ. “ನೋಡು, ಕಾನ್ವೆಂಟು ವಾಪಸ್ ಬಂತು,” ಎಂದರು ನಂಜಮ್ಮಕ್ಕ.

ಇಲ್ಲಿ ಎರಡು ವಿಷಯ ಹೇಳಬೇಕು. ಮೊದಲನೆಯದು, ನನಗೆ ಕತ್ತು ನೋವು ಇತ್ತು. ಬೆನ್ನಿನ ಬಲ ರೆಕ್ಕೆಮೂಳೆಯ ಒಳಗಡೆ ಯಾರೋ ಮೊಳೆ ಹೊಡೆದ ಹಾಗೆ ನೋವು, ಅಲ್ಲಿಂದ ಕತ್ತಿಗೆ ಏರುತ್ತಿತ್ತು. ಆದರೆ ಮಗ್ಗದ ಮನೆಯಲ್ಲಿ ಅದನ್ನು ನೋವು ಎನ್ನುವ ರೂಢಿಯೇ ಇಲ್ಲ. ಮಗ್ಗದ ಕೆಳಗಿನ ಕುಣಿಯಲ್ಲಿ ಕಾಲಿಟ್ಟು ದಿನವೆಲ್ಲ ತಲೆ ಬಗ್ಗಿಸುವ ಗಂಡಸರಿಗೂ ಕತ್ತು ನೋವು, ಕೆಚ್ಚುವ ಹೆಂಗಸರಿಗೂ ಕತ್ತು ನೋವು. ಹಸಿವು, ನಿದ್ದೆ, ಕತ್ತು ನೋವು, ಇವು ದಿನಕ್ಕೆ ಸೇರಿದವು. ಯಾರಾದರೂ ಡಾಕ್ಟರ ಹತ್ತಿರ ಹೋಗಿ ನನಗೆ ಹಸಿವಾಗುತ್ತದೆ ಎನ್ನುತ್ತಾರೆಯೇ?

ಎರಡನೆಯದು, ಬಲಗೈ ಎತ್ತಿ ತಲೆಯ ಮೇಲೆ ಇಟ್ಟುಕೊಂಡರೆ ನನಗೆ ಆರಾಮ ಅನಿಸುತ್ತಿತ್ತು. ಏಕೆ ಎಂದು ಗೊತ್ತಿರಲಿಲ್ಲ. ಕೈ ತಲೆಯ ಮೇಲೆ ಹೋದರೆ ತೋಳಿನೊಳಗೆ ಓಡುವ ಉರಿ ಐದಾರು ನಿಮಿಷ ನಿಲ್ಲುತ್ತಿತ್ತು. ಆದರೆ ತಲೆಯ ಮೇಲೆ ಕೈ ಇಟ್ಟು ಕೂರುವುದು ನಮ್ಮಲ್ಲಿ ಯಾವಾಗ ಎಂದು ನಿಮಗೇ ಗೊತ್ತು. ಸಾವಿನ ಮನೆಯಲ್ಲಿ, ಎಲ್ಲ ಹಾಳಾಯಿತು ಎನ್ನುವಾಗ. ಮಗ್ಗದ ಮುಂದೆ, ಮುಹೂರ್ತದ ಸೀರೆ ನೇಯುತ್ತಿರುವಾಗ ಹಾಗೆ ಕುಳಿತರೆ ಬಿಟ್ಟಾರೆಯೇ?

“ಏ ಲೀಲಾ! ಕೈ ತೆಗಿ ತಲೆ ಮೇಲಿಂದ! ಯಾರ್ ಸತ್ರು ಈಗ?”

“ಸ್ವಲ್ಪ ಆರಾಮ ಇರ್ತದೆ ಅಕ್ಕ.”

“ನಿನಗೆ ಆರಾಮ, ಮನೆಗೆ ದರಿದ್ರ. ತೆಗಿ.”

ತೆಗೆಯುತ್ತಿದ್ದೆ. ಕಾನ್ವೆಂಟಿನಲ್ಲಿ ಬೆಂಚಿಗೆ ಒರಗಬಾರದಿತ್ತು, ಇಲ್ಲಿ ತಲೆಗೆ ಕೈ ಹೋಗಬಾರದು. ಹೇಳಿದ ಹಾಗೆ ಕೂರುವುದು ನನಗೆ ಚಿಕ್ಕಂದಿನಿಂದ ಚೆನ್ನಾಗಿ ಬರುತ್ತದೆ. ಆ ಒಳ್ಳೆಯ ಅಭ್ಯಾಸದ ಮೇಲೆ ನನಗೀಗ ಎಷ್ಟು ಕೋಪವಿದೆ ಎಂದರೆ, ಹೇಳಿ ಪ್ರಯೋಜನವಿಲ್ಲ.

ಸಂಕ್ರಾಂತಿಯ ತೈ ತಿಂಗಳ ಹೊತ್ತಿಗೆ ಕೈಯಿಂದ ಟಂಬ್ಲರ್ ಜಾರತೊಡಗಿತು. ಯಜಮಾನರು ಬೆಳ್ಳಿಯದೇ ಇರಲಿ, ಸ್ಟೀಲಿನದೇ ಇರಲಿ, ಕೆಳಗೆ ಬಿದ್ದದ್ದನ್ನು ಏನೂ ಹೇಳದೆ ಎತ್ತಿಡುತ್ತಿದ್ದರು. ಕೊನೆಗೆ ಕೊಯಮತ್ತೂರಿನಲ್ಲಿ ಒಬ್ಬ ಕೈ ಡಾಕ್ಟರಿಗೆ ತೋರಿಸುವುದೆಂದಾಯಿತು. ನನ್ನ ಜೊತೆ ನಂಜಮ್ಮಕ್ಕ ಬಂದರು. ಆಸ್ಪತ್ರೆಗೆ ಹೋಗುವಾಗ ಮನೆಯ ಹಿರಿಯ ಹೆಂಗಸು ಜೊತೆಗೆ ಬರಬೇಕು, ಕೇಳಿದ್ದಕ್ಕೆ ಅವರೇ ಉತ್ತರ ಹೇಳಬೇಕು. ನಮ್ಮ ಮನೆಯಲ್ಲಿ ನಡೆದು ಬಂದದ್ದು ಹಾಗೆ. ನನಗೆ ಎಪ್ಪತ್ತು ದಾಟಿತ್ತು, ಆದರೂ ಆ ಕೋಣೆಯಲ್ಲಿ ನಾನು ಕಿರಿಯವಳು.

ಎರಡೂಕಾಲು ಗಂಟೆ ಕಾದೆವು. ಡಾಕ್ಟರು ನನ್ನ ಕೈ ತಿರುಗಿಸಿದರು, ಮಣಿಕಟ್ಟಿನ ಮೇಲೆ ತಟ್ಟಿದರು, ಕಂಪ್ಯೂಟರಿನ ಕಡೆ ನೋಡುತ್ತಾ ತಮಿಳಿನಲ್ಲಿ ಕೇಳಿದರು, “ಕತ್ತು ನೋವು ಏನಾದರೂ ಇದೆಯಾ?”

ನಾನು ಬಾಯಿ ತೆರೆಯುವುದರೊಳಗೆ ನಂಜಮ್ಮಕ್ಕ, “ಅದೆಲ್ಲಾ ಇಲ್ಲೀಂಗ. ಕೈ ಮಾತ್ರ ತಾನ್,” ಎಂದರು.

ಡಾಕ್ಟರು ನನ್ನ ಕಡೆ ನೋಡಿದರು. ನಾನು ಇಲ್ಲವೆಂದು ತಲೆಯಾಡಿಸಿದೆ. ಸುಳ್ಳು ಹೇಳಬೇಕೆಂದಲ್ಲ. ನಿಜವಾಗಿ ನನಗೂ ಆಗ ಅದು ನೋವು ಎಂದು ಅನಿಸಲಿಲ್ಲ.

ಒಂದು ಟೆಸ್ಟ್ ಮಾಡಿಸಿದರು. ಕೈಗೆ ತಂತಿ ಅಂಟಿಸಿ ಸಣ್ಣ ಸಣ್ಣ ಶಾಕ್ ಕೊಡುತ್ತಾರೆ, ಬೆರಳು ಬೇರೆ ಯಾರದೋ ಎಂಬಂತೆ ತಾನಾಗಿ ಕುಣಿಯುತ್ತದೆ. ರಿಪೋರ್ಟಿನಲ್ಲಿ ‘ಮೈಲ್ಡ್’ ಎಂದಿತ್ತು. ಮಣಿಕಟ್ಟಿನಲ್ಲಿ ನರ ಒತ್ತಿಕೊಂಡಿದೆ, ಸಣ್ಣ ಆಪರೇಷನ್, ಹದಿನೈದು ನಿಮಿಷ ಎಂದರು.

“ಡಾಕ್ಟರ್, ಎಕ್ಸ್‌ಕ್ಯೂಸ್ ಮಿ,” ಎಂದೆ ಇಂಗ್ಲಿಷಿನಲ್ಲಿ, “ನನಗೆ ಇಲ್ಲಿ, ಮೊಣಕೈಯಿಂದ ಕೆಳಗೂ ಮಂಕಾಗಿದೆ, ಮುಟ್ಟಿದರೆ ತಿಳಿಯುವುದಿಲ್ಲ. ಹೆಬ್ಬೆರಳ ಕಡೆಯ ಈ ಪಟ್ಟಿ ಪೂರ್ತಿ.”

“ರಿಲ್ಯಾಕ್ಸ್ ಮಾ. ಕೆಲವರಿಗೆ ಹಾಗೆ ಅನಿಸುತ್ತೆ.”

ಅನಿಸುತ್ತೆ. ಆ ಒಂದು ಪದವನ್ನು ನಾನು ಎಷ್ಟು ದಿನ ಹಲ್ಲಿನ ನಡುವೆ ಕಡಿದೆನೋ.

ಆಪರೇಷನ್ ಆಯಿತು. ಹದಿನೈದು ನಿಮಿಷವೇ. ಗಾಯ ಒಣಗಿತು. ಬೆರಳು ಮಾತ್ರ ಹಾಗೇ ಇತ್ತು. ಟೈಮ್ ಕೊಡಿ ಎಂದರು, ಕೊಟ್ಟೆ. ನನ್ನ ಹತ್ತಿರ ಇನ್ನೇನು ಇದೆ, ಟೈಮ್ ತಾನೆ? ಮತ್ತೆ ಹೋದೆ, ಮತ್ತೆ ಕಾದೆ. ರಿಸೆಪ್ಷನಿನ ಹುಡುಗಿ “ಉಕ್ಕಾರುಂಗಮ್ಮಾ, ಕೂಪ್ಪಿಡ್ರೋಂ,” ಎಂದು ಕೂರಿಸಿ, ಕರೆಯುತ್ತೇವೆ ಎಂದವಳು ಊಟಕ್ಕೆ ಹೋದಳು. ಎದುರಿನ ಟಿವಿಯಲ್ಲಿ ಸದ್ದಿಲ್ಲದೆ ಯಾರೋ ಅಡುಗೆ ಮಾಡುತ್ತಿದ್ದರು. ನನ್ನ ಮಂಕು ಎಲ್ಲಿಂದ ಎಲ್ಲಿಯವರೆಗೆ ಎಂದು ಈ ಸಲ ಮನೆಯಲ್ಲೇ ಬಾಲ್‌ಪೆನ್ನಿನಿಂದ ತೋಳಿನ ಮೇಲೆ ಗೆರೆ ಎಳೆದುಕೊಂಡು ಬಂದಿದ್ದೆ. ಮೊಣಕೈಯ ಹೊರಬದಿಯಿಂದ ಇಳಿದು, ಮಣಿಕಟ್ಟು ದಾಟಿ, ಎರಡು ಬೆರಳಿಗೆ ಕವಲಾಗುವ ಒಂದು ಪಟ್ಟಿ. ಡಿಸೈನ್ ಬರೆದ ಹಾಗೆ ಚೆನ್ನಾಗಿ ಬರೆದಿದ್ದೆ. ಡಾಕ್ಟರು ಅದನ್ನು ನೋಡಿ ನಕ್ಕರು. ಕೆಟ್ಟ ನಗುವಲ್ಲ, ಮೊಮ್ಮಕ್ಕಳು ಬರೆದ ಚಿತ್ರ ನೋಡಿ ನಗುತ್ತಾರಲ್ಲ, ಹಾಗೆ. “ವಯಸ್ಸಾಯ್ತಲ್ಲಮ್ಮಾ,” ಎಂದರು.

ಅವತ್ತು ಬಸ್‌ಸ್ಟ್ಯಾಂಡಿನಲ್ಲಿ ನಾನು ಅತ್ತುಬಿಟ್ಟೆ. ನಂಜಮ್ಮಕ್ಕ ತಮ್ಮ ಸೆರಗಿನಿಂದ ನನ್ನ ತೋಳಿನ ಇಂಕನ್ನು ಉಜ್ಜುತ್ತಾ, “ಯಾರಾನಾ ನೋಡಿದ್ರೆ ಹುಚ್ಚಿ ಅಂತಾರೆ,” ಎಂದರು. ಆಮೇಲೆ ಎರಡು ಕಡಲೆಮಿಠಾಯಿ ತಂದುಕೊಟ್ಟರು. ಉಜ್ಜಿದ್ದು ನನಗೆ ಗೊತ್ತಾಗಲೇ ಇಲ್ಲ ಎಂದು ಅವರಿಗೆ ಹೇಳಲಿಲ್ಲ.

ಆ ಆಡಿ ತಿಂಗಳಲ್ಲಿ, ಅಂದರೆ ಆಷಾಢದಲ್ಲಿ, ಹೊಸ ಹಾಸು ಬಂದಾಗ ನನ್ನನ್ನು ಯಾರೂ ಕರೆಯಲಿಲ್ಲ. ನಂಜಮ್ಮಕ್ಕ ಎಡ ಅಂಚಿನಿಂದ ಶುರುಮಾಡಿ ಒಬ್ಬರೇ ಬಲ ಅಂಚಿನವರೆಗೆ ಬಂದರು. ಎರಡೂವರೆ ದಿನ ಹಿಡಿಯಿತು. ನಾನು ಅಡುಗೆಮನೆಯಲ್ಲಿ ಬೆಳ್ಳುಳ್ಳಿ ಸುಲಿಯುತ್ತಾ, ಐವತ್ತು ವರ್ಷದ ಹಿಂದಿನ ಇಂಗ್ಲಿಷ್ ಸೊಸೆಯಾಗಿ ಮತ್ತೆ ಕುಳಿತಿದ್ದೆ. ನಿಜ ಹೇಳಲೇ? ನೋವಿಗಿಂತ ಅದು ಹೆಚ್ಚು ಹೆದರಿಸಿತು. ಈ ಎರಡು ಬೆರಳು ಹೋದರೆ ಈ ಮನೆಯಲ್ಲಿ ನಾನು ಯಾರು?

ನನ್ನ ಸೊಸೆ ಕವಿತಾ ತಿರುಪ್ಪೂರಿನವಳು, ಬನಿಯನ್ ಕಂಪನಿಯ ಆಫೀಸಿನಲ್ಲಿ ದುಡಿದು ಬಂದವಳು. ಯಾರಿಗೂ ಹೆದರುವುದಿಲ್ಲ. ಬೆಳ್ಳುಳ್ಳಿಯ ಮೊರ ನನ್ನ ಮುಂದಿನಿಂದ ಎಳೆದು, “ಅತ್ತೆ, ನಾಳೆ ಬೇರೆ ಡಾಕ್ಟರ್ ಹತ್ರ ಹೋಗಣ. ನಾನೂ ನೀವೂ ಮಾತ್ರ,” ಎಂದಳು.

“ದೊಡ್ಡತ್ತೆ ಬೇಜಾರು ಮಾಡ್ಕೋತಾರೆ,” ಎಂದೆ, ನಂಜಮ್ಮಕ್ಕನಿದ್ದ ಕಡೆ ನೋಡಿ.

“ಮಾಡ್ಕೊಳ್ಳಿ. ಬೆರಳು ನಿಮ್ದು ತಾನೆ?”

ಹೋದೆವು. ನರಗಳ ಡಾಕ್ಟರು, ಹೆಂಗಸು, ನನ್ನ ಮಗಳಾಗುವ ವಯಸ್ಸು. ಅಲ್ಲೂ ಕಾಯುವುದೇ. ಕವಿತಾ ಟೀ ತರಲು ಕೆಳಗೆ ಹೋದಳು. ಸಾಲಿನಲ್ಲಿ ನನ್ನ ಗುರುತಿನವರು ಯಾರೂ ಇರಲಿಲ್ಲ. ತೋಳು ಬೆಂಕಿಯಾಗಿತ್ತು. ಅತ್ತ ಇತ್ತ ನೋಡಿ ಮೆಲ್ಲನೆ ಕೈಯೆತ್ತಿ ತಲೆಯ ಮೇಲೆ ಇಟ್ಟುಕೊಂಡು ಕಣ್ಣು ಮುಚ್ಚಿದೆ.

“ಅಮ್ಮಾ.”

ಕಣ್ಣು ಬಿಟ್ಟರೆ ಬಿಳಿ ಕೋಟು. ಡಾಕ್ಟರಮ್ಮ ಎಲ್ಲಿಗೋ ಹೊರಟವರು ನನ್ನ ಮುಂದೆ ನಿಂತಿದ್ದರು. ತಪ್ಪು ಸಿಕ್ಕಿಬಿದ್ದ ಹಾಗೆ ಕೈ ಕೆಳಗಿಳಿಸಿ “ಸಾರಿ,” ಎಂದೆ. ಹೌದು, ಸಾರಿ ಎಂದೆ.

“ಯಾಕೆ ಇಳಿಸಿದ್ರಿ? ಹಾಗೆ ಇಟ್ಕೊಂಡ್ರೆ ನೋವು ಕಡಿಮೆಯಾಗುತ್ತಾ?” ತಮಿಳಿನಲ್ಲಿ ಕೇಳಿದರು.

“ಆಗುತ್ತೆ. ಆದರೆ ಮನೇಲಿ ಬಿಡಲ್ಲ.”

“ಎಷ್ಟು ದಿನದಿಂದ?”

“ಹತ್ತಿರ ಹತ್ತಿರ ಒಂದು ವರ್ಷ.”

ಅವರು ಹೋಗಬೇಕಾದ ಕಡೆ ಹೋಗಲಿಲ್ಲ. ನನ್ನನ್ನು ಒಳಗೆ ಕರೆದುಕೊಂಡು ಹೋಗಿ ಮಂಚದ ಮೇಲೆ ಕೂರಿಸಿದರು. ಹತ್ತಿಯಿಂದ ಸವರಿದರು, ಪಿನ್ನಿನಿಂದ ಚುಚ್ಚಿದರು, ರಬ್ಬರ್ ಸುತ್ತಿಗೆಯಿಂದ ಮುಂದೋಳಿಗೆ ತಟ್ಟಿದರು. ಎಡಗೈ ಹಾರಿತು, ಬಲಗೈ ಸುಮ್ಮನಿತ್ತು. ಕೊನೆಗೆ ನನ್ನ ತಲೆಯನ್ನು ಬಲಕ್ಕೆ ಓರೆಮಾಡಿ ಮೇಲಿನಿಂದ ಮೆಲ್ಲಗೆ ಒತ್ತಿದರು. ಕತ್ತಿನಿಂದ ಹೆಬ್ಬೆರಳ ತುದಿಗೆ ಮಿಂಚು ಹರಿಯಿತು. ನಾನು ಕಿರುಚಿದೆ. ಟೀ ಹಿಡಿದು ಒಳಗೆ ಬಂದ ಕವಿತಾಳೂ ಕಿರುಚಿದಳು.

“ಕತ್ತಿಂದ ಬರ್ತಿದೆಯಮ್ಮಾ,” ಎಂದರು ಡಾಕ್ಟರಮ್ಮ. ಪೆನ್ ತೆಗೆದು ನನ್ನ ತೋಳಿನ ಮೇಲೆ ಗೆರೆ ಎಳೆದರು. ಮೊಣಕೈಯ ಹೊರಬದಿಯಿಂದ, ಮಣಿಕಟ್ಟು ದಾಟಿ, ಎರಡು ಬೆರಳಿಗೆ. ನಾನು ಬರೆದುಕೊಂಡು ಹೋಗಿದ್ದೆನಲ್ಲ, ಅದೇ ಪಟ್ಟಿ. “ಕತ್ತಿನ ಮೂಳೆಗಳ ಸಂದಿಯಿಂದ ಒಂದೊಂದು ನರ ಹೊರಡುತ್ತೆ. ಆರನೇದು ಈ ಪಟ್ಟಿಗೆ ಹೋಗುತ್ತೆ. ಏಳನೇದು ನಡುಬೆರಳಿಗೆ, ಎಂಟನೇದು ಕಿರುಬೆರಳ ಕಡೆಗೆ. ಆ ಬೆರಳುಗಳು ಸರಿಯಾಗಿಯೇ ಇವೆ, ನೋಡಿ. ಅವುಗಳ ನರಕ್ಕೆ ಏನೂ ಆಗಿಲ್ಲ. ನೀವು ಕೈ ಎತ್ತಿದಾಗ ಎಳೆದುಕೊಂಡಿದ್ದ ಆರನೇ ನರ ಸಡಿಲವಾಗುತ್ತೆ, ಅದಕ್ಕೇ ಆರಾಮ.”

ಸ್ಕ್ಯಾನ್ ಕೂಡ ಅದನ್ನೇ ಹೇಳಿತು. ಆ ಡಬ್ಬದೊಳಗೆ ಅಲುಗಾಡದೆ ಮಲಗಿದ್ದಾಗ ನನಗೆ ಭಯವಾಗಲಿಲ್ಲ, ಸಿಟ್ಟು ಬಂತು. ಕಿವಿಯ ಹತ್ತಿರ ಪವರ್‌ಲೂಮಿನ ಹಾಗೆ ಟಕಟಕ ಸದ್ದು, ಒಳಗೆ ನಾನು ನನ್ನನ್ನೇ ಬೈದುಕೊಳ್ಳುತ್ತಿದ್ದೆ. ನಾನು ಮಗ್ಗದ ಮನೆಯವಳು. ಸೀರೆಯಲ್ಲಿ ಬುಟ್ಟಾ ಕೆಟ್ಟರೆ ನಾವು ಬಟ್ಟೆಯನ್ನು ಕೆದಕುತ್ತೇವೆಯೇ? ತಲೆಯೆತ್ತಿ ಮೇಲೆ ಜಕಾರ್ಡ್ ಪೆಟ್ಟಿಗೆ ನೋಡುತ್ತೇವೆ. ಅಲ್ಲಿನ ಒಂದು ಕೊಕ್ಕೆಯಿಂದ ಇಳಿದ ದಾರಗಳು ಸೀರೆಯಲ್ಲಿ ತಮಗೆ ಗೊತ್ತುಮಾಡಿದ ಎಳೆಗಳನ್ನು ಮಾತ್ರ ಎತ್ತುತ್ತವೆ, ಪಕ್ಕದವನ್ನು ಮುಟ್ಟುವುದಿಲ್ಲ. ಕೊಕ್ಕೆ ಸೋತರೆ ಆ ಎಳೆಗಳಷ್ಟೇ ಸುಮ್ಮನಾಗುತ್ತವೆ. ಐವತ್ತು ವರ್ಷ ಇದನ್ನು ದಿನವೂ ನೋಡಿದವಳು ನಾನು. ನನ್ನ ಮೈಗೆ ಬಂದಾಗ ಬಟ್ಟೆಯನ್ನು ಕೊಯ್ಯಲು ಕೈ ಚಾಚಿ ಕೊಟ್ಟೆ.

ಮನೆಗೆ ಬಂದು ಹೇಳಿದೆವು. ಯಜಮಾನರು ತುಂಬ ಹೊತ್ತು ನನ್ನ ಕತ್ತಿನ ಹಿಂದೆಯೇ ನೋಡುತ್ತಿದ್ದರು, ಅಲ್ಲಿ ಏನೋ ಬರೆದಿದೆ ಎಂಬಂತೆ. ನಂಜಮ್ಮಕ್ಕ ಎದ್ದು ಒಳಗೆ ಹೋದರು. ಊಟಕ್ಕೆ ಕರೆದರೂ ಬರಲಿಲ್ಲ. ಮಾರನೆಯ ದಿನ ಬೆಳಿಗ್ಗೆ ನಾನು ಹಜಾರದಲ್ಲಿ ಕುಳಿತಿದ್ದಾಗ ಬಂದು ಎದುರಿಗೆ ನಿಂತರು.

“ಉರಿ ಐತಾ?”

“ಐತೆ ಅಕ್ಕ.”

“ಇಟ್ಕೋ ಮತ್ತೆ, ತಲೆ ಮೇಲೆ.” ಹೋಗಿ ಮುಂಬಾಗಿಲು ಮುಚ್ಚಿ ಚಿಲಕ ಹಾಕಿ ಬಂದರು. “ಸೀರೆ ತಕ್ಕೊಳ್ಳಕ್ಕೆ ಬಂದೋರು ನೋಡಿದ್ರೆ ಯಾರೋ ಹೋಗ್ಬಿಟ್ರು ಅಂತ ಮಾಲೆ ತರ್ತಾರೆ.”

ಕ್ಷಮೆ ಕೇಳುವುದು ಅವರಿಗೆ ಬಾರದು. ಚಿಲಕ ಹಾಕುವುದು ಬರುತ್ತದೆ.

ಆಮೇಲಿನದು ಮಾತ್ರೆ, ಕತ್ತಿನ ಎಕ್ಸರ್‌ಸೈಜ್, ವಾರಕ್ಕೆ ಮೂರು ಸಲ ಫಿಸಿಯೋಥೆರಪಿ. ಮಾತ್ರೆ ತಿಂದರೆ ತಲೆ ತಿರುಗಿ ಗೋಡೆ ಹಿಡಿದು ನಡೆಯುತ್ತಿದ್ದೆ. ಕೈಯ ಬಲ ಇನ್ನೂ ಕಡಿಮೆಯಾದರೆ ಕತ್ತಿಗೆ ಆಪರೇಷನ್ ಎಂದಿದ್ದರು. ಕಡಿಮೆಯಾಗಲಿಲ್ಲ, ದೇವರ ದಯೆ. ನಾಲ್ಕು ತಿಂಗಳಿಗೆ ಉರಿ ಹೋಯಿತು. ತೋರುಬೆರಳು ಮುಕ್ಕಾಲು ಬಂತು. ಹೆಬ್ಬೆರಳು ಅರ್ಧಕ್ಕೆ ನಿಂತಿತು. “ತುಂಬಾ ದಿನ ಒತ್ತಿಕೊಂಡಿತ್ತಮ್ಮಾ. ಮೊದಲೇ ಬಂದಿದ್ದರೆ...” ಎಂದು ಡಾಕ್ಟರಮ್ಮ ಅರ್ಧಕ್ಕೇ ನಿಲ್ಲಿಸಿದರು. ಒಳ್ಳೆಯವರು. ಆದರೆ ಆ ಅರ್ಧ ವಾಕ್ಯದ ಉಳಿದರ್ಧ ನನ್ನ ಹೆಬ್ಬೆರಳಿನಲ್ಲಿದೆ.

ಆ ಕೈ ಡಾಕ್ಟರನ್ನು ಒಂದು ಸಲ ನೋಡಲೇಬೇಕೆಂದು ಹಟ ಹಿಡಿದೆ. ಜಗಳಕ್ಕಲ್ಲ, ಅವರ ಫೈಲಿನಲ್ಲಿ ‘ಇದು ಕತ್ತಿನಿಂದ ಬಂದದ್ದು’ ಎಂದು ಬರೆದುಕೊಳ್ಳಲಿ ಎಂದು. ಮುಂದೆ ಇನ್ನೊಬ್ಬಳು ತೋಳಿನ ಮೇಲೆ ಗೆರೆ ಎಳೆದುಕೊಂಡು ಬಂದರೆ ನಗದಿರಲಿ ಎಂದು. ಬಸ್ಸಿನಲ್ಲಿ ಇಡೀ ಭಾಷಣವನ್ನು ಇಂಗ್ಲಿಷಿನಲ್ಲಿ ರೆಡಿ ಮಾಡಿಕೊಂಡಿದ್ದೆ. ಅವರು ಸ್ಕ್ಯಾನ್ ನೋಡಿದರು, ಮುಖ ಸಣ್ಣದಾಯಿತು. “ಐ ಆ್ಯಮ್ ಸಾರಿ, ಮಾ,” ಎಂದರು. ನಂತರ ಕಂಪ್ಯೂಟರಿನ ಪರದೆಯನ್ನು ನನ್ನ ಕಡೆ ತಿರುಗಿಸಿದರು. ಮೊದಲ ದಿನದ ಸಾಲು ಹಾಗೇ ಇತ್ತು. ನೆಕ್ ಪೇನ್, ನೋ.

ನನ್ನ ಭಾಷಣದ ಮೊದಲ ವಾಕ್ಯವೂ ಹೊರಬರಲಿಲ್ಲ. ಅವರು ತೋಳು ನೋಡಬೇಕಿತ್ತು, ನಿಜ. ನಾನು ಬಾಯಿ ಬಿಡಬೇಕಿತ್ತು, ಅದೂ ನಿಜ. ಎರಡು ನಿಜ ಇದ್ದರೆ ಸಿಟ್ಟು ಅರ್ಧವಾಗಬೇಕಲ್ಲವೆ? ನನಗೆ ದುಪ್ಪಟ್ಟಾಯಿತು. ಅದಕ್ಕೇ ಹೇಳುತ್ತಿದ್ದೇನೆ, ಡಾಕ್ಟರು ಕೇಳಿದಾಗ ನಿಮ್ಮ ಮೈಯ ಪರವಾಗಿ ನೀವೇ ಉತ್ತರ ಹೇಳಿ. ಪಕ್ಕದಲ್ಲಿ ಯಾರೇ ಕುಳಿತಿರಲಿ. ದಿನಾ ಇರುವ ನೋವನ್ನೂ ಹೇಳಿ. ದಿನಾ ಇರುವುದನ್ನು ಮೊದಲು ಹೇಳಿ.

ಕಳೆದ ತೈ ತಿಂಗಳಲ್ಲಿ ಹೊಸ ಹಾಸು ಬಂದಾಗ ನಾನೇ ಹೋಗಿ ಬಲ ಅಂಚಿನಲ್ಲಿ ಕುಳಿತೆ. ಯಾರೂ ಬೇಡ ಎನ್ನಲಿಲ್ಲ. ಡಾಕ್ಟರಮ್ಮ ಹೇಳಿದ ಹಾಗೆ ಕತ್ತು ಬಗ್ಗದಿರಲೆಂದು ಯಜಮಾನರು ಹಾಸನ್ನು ಎತ್ತರಕ್ಕೆ ಕಟ್ಟಿಕೊಟ್ಟರು. ಅರ್ಧ ಗಂಟೆಗೊಮ್ಮೆ ಎದ್ದು, ಎರಡು ದಿನ ಸಂಜೆಯವರೆಗೆ ಕೆಚ್ಚಿದೆ. ನಂಜಮ್ಮಕ್ಕನ ಪಾಲು ದೊಡ್ಡದು, ನನ್ನದು ಸಣ್ಣದು, ಆದರೂ ಮೊಣಕಾಲು ತಾಗಿತು. ಆ ಸಂತೋಷ ನಿಮಗೆ ಹೇಗೆ ಹೇಳಲಿ! ಮಕ್ಕಳ ಹಾಗೆ ಬೇಗ ಮಲಗಿದೆ.

ಬೆಳಿಗ್ಗೆ ಕಾಫಿ ತೆಗೆದುಕೊಂಡು ಮಗ್ಗದ ಕೋಣೆಗೆ ಹೋದರೆ ಯಜಮಾನರು ಬಲ ಅಂಚಿನಲ್ಲಿ ಬಗ್ಗಿ ಕುಳಿತಿದ್ದರು. ನನ್ನನ್ನು ನೋಡಿ ಕೈ ಹಿಂದಕ್ಕೆ ಎಳೆದುಕೊಂಡರು. ಬೆರಳಲ್ಲಿ ಬೂದಿ ಇತ್ತು.

“ಏನ್ ಮಾಡ್ತಾ ಇದೀರಿ?”

“ಏನಿಲ್ಲ. ಹಣಿಗೆ ನೋಡ್ತಾ ಇದ್ದೆ.”

“ಬೂದಿ ಹಚ್ಕೊಂಡು ಹಣಿಗೆ ನೋಡ್ತೀರಾ? ಎಷ್ಟು ಬಿಟ್ಟೋಗೈತೆ?”

“ಕೊಂಜ. ಸ್ವಲ್ಪ ಅಷ್ಟೆ.”

“ಕೊಂಜ ಅಂದ್ರೆ?”

ಅವರು ಗೋಡೆ ನೋಡಿದರು. “ಅರವತ್ತೆಂಟು ಹಾಕಿದೀನಿ. ಇನ್ನೂ ಐತೆ. ಬಿಡು ಲೀಲಾ, ನೀನು ಮೊದಲಿನಂಗೇ ಕೆಚ್ಚಿದೀಯ. ಎಳೆನೇ ಸರಿಯಿಲ್ಲ ಈ ಸಲ.”

ನಂಜಮ್ಮಕ್ಕನ ಪಾಲಿನಲ್ಲೂ ಅದೇ ಎಳೆ. ಒಂದೂ ಬಿಟ್ಟಿರಲಿಲ್ಲ.

ಕಾಫಿ ಲೋಟವನ್ನು ನೆಲದ ಮೇಲೆ ಕುಕ್ಕಿದೆ. ಒಂದೂವರೆ ವರ್ಷದಿಂದ ನನ್ನ ಕೈಯ ಸುದ್ದಿ ಊರಿಗೆಲ್ಲ ಗೊತ್ತು, ನನಗೆ ಮಾತ್ರ ಯಾರೂ ನೆಟ್ಟಗೆ ಹೇಳುವುದಿಲ್ಲ. ಒಬ್ಬರು ಅನಿಸುತ್ತೆ ಎಂದರು, ಒಬ್ಬರು ವಯಸ್ಸಾಯಿತು ಎಂದರು, ಈಗ ಇವರು ಬೆಳಗಾಗುವ ಮೊದಲು ಬಂದು ನನ್ನ ಎಳೆಗಳನ್ನು ಕದ್ದು ಸರಿಮಾಡುತ್ತಿದ್ದಾರೆ. ಪ್ರೀತಿಯಿಂದಲೇ, ಗೊತ್ತು. ಆದರೆ ನನ್ನ ಬೆರಳಿಗೆ ಸುದ್ದಿ ಬಾರದಿರುವಾಗ ಕಿವಿಗಾದರೂ ಬರಬೇಡವೇ?

“ಏಳಿ ಅಲ್ಲಿಂದ.”

“ಲೀಲಾ...”

“ಏಳಿ ಅಂದೆ. ಮಿಕ್ಕಿದ್ದು ನಾನು ಹಾಕ್ತೀನಿ. ನೀವು ಹಾಕಿದ್ರೆ ನನ್ ಬೆರಳು ಯಾವಾಗ ಕಲಿಯೋದು? ಎಷ್ಟು ಬಿಡ್ತದೋ ಅಷ್ಟನ್ನೂ ನನಗೆ ಹೇಳಿ. ಜೋರಾಗಿ ಹೇಳಿ.”

ಎದ್ದರು. ಕುಣಿಯ ಅಂಚಿನಲ್ಲಿ ಕುಳಿತು ಎರಡು ಕೈಯನ್ನೂ ತೊಡೆಯ ಮೇಲೆ ಇಟ್ಟುಕೊಂಡರು. ನಾನು ಓದುವ ಕನ್ನಡಕ ಹಾಕಿಕೊಂಡೆ. ಹೆಬ್ಬೆರಳು ಹೇಳದ್ದನ್ನು ಕಣ್ಣಿನಿಂದ ಕೇಳಬೇಕು. ಪ್ರತಿ ಹೊಸೆತವನ್ನೂ ಎಡಗೈಯಿಂದ ಎಳೆದು ನೋಡಿ ಆಮೇಲೆ ಮುಂದಿನದಕ್ಕೆ ಹೋದೆ. ಮೊದಲು ಒಂದು ಉಸಿರಿಗೆ ನಾಲ್ಕು ಎಳೆ ಹಾಕುತ್ತಿದ್ದವಳು ನಾಲ್ಕು ಉಸಿರಿಗೆ ಒಂದು ಹಾಕಿದೆ. ನಂಜಮ್ಮಕ್ಕ ಬಾಗಿಲಿಗೆ ಬಂದು ನಿಂತು, ತಮ್ಮನ ಮುಖ ನೋಡಿ ಒಳಗೆ ಹೋದರು. ಕಾಫಿ ಆರಿಹೋಯಿತು.

ಹನ್ನೊಂದು ಗಂಟೆಗೆ ಮುಗಿಸಿದೆ. ಯಜಮಾನರು ಹಾಸನ್ನು ಚೂರು ಚೂರಾಗಿ ಮುಂದಕ್ಕೆ ಎಳೆದರು, ಹಣಿಗೆಯ ಕಡೆ ಬಗ್ಗಿ ಕಣ್ಣು ಸಣ್ಣದು ಮಾಡಿ ನೋಡಿದರು. ನಾನು ಅವರ ಮುಖ ನೋಡುತ್ತಿದ್ದೆ. ಅದು ಒಂದು ಸಲ ಮೆತ್ತಗಾಗಿ, ಮತ್ತೆ ನೆಟ್ಟಗಾಯಿತು.

“ಮೂರು,” ಎಂದರು, ಜೋರಾಗಿ.

ನಾನು ಬೂದಿಯ ತಟ್ಟೆಯನ್ನು ಹತ್ತಿರಕ್ಕೆ ಎಳೆದುಕೊಂಡೆ.